ನನ್ನ ಕೇಳಿ ಓಟು ಹಾಕ್ತಾರೇನು?

2002ರ ಜುಲೈ ತಿಂಗಳು. ಎ.ಪಿ.ಜೆ. ಅಬ್ದುಲ್ ಕಲಾಂ ಅವರು ರಾಷ್ಟ್ರಪತಿ ಹುದ್ದೆಗೆ ಅಭ್ಯರ್ಥಿಯಾಗಿದ್ದಾರೆಂಬ ಸುದ್ದಿ ನಮ್ಮ ಗುರುಮಠಕಲ್ಲಿನ ಚಹಾ ಅಂಗಡಿಗಳಲ್ಲೂ ಮಸೀದಿಯ ಅಂಗಳದಲ್ಲೂ ಮಾತಾಗಿದ್ದ ಕಾಲ. ಒಂದು ಸಂಜೆ ನಮ್ಮ ಖಾಲಾ ಟ್ರಂಕಿನ ತಳದಿಂದ ಮತದಾರರ ಗುರುತಿನ ಚೀಟಿ ಹುಡುಕಿ ತೆಗೆದು, ಸೆರಗಿನಿಂದ ಒರೆಸಿ, ನಮ್ಮ ಮುಂದೆ ಹಿಡಿದರು.

"ಕಲಾಂ ಸಾಬರಿಗೆ ಓಟ್ ಹಾಕೋದು ಯಾವತ್ತು ಅದ? ಇದೇ ಚೀಟಿ ನಡೀತದೋ, ಬ್ಯಾರೆ ಮಾಡಸ್ಬೇಕೋ?"

ನಾವು ಅಣ್ಣತಮ್ಮಂದಿರು ಮೊದಲು ನಕ್ಕೆವು. ಆಮೇಲೆ ಖಾಲಾ ಮುಖ ನೋಡಿ ನಗು ನಿಲ್ಲಿಸಿದೆವು. ಮದುವೆಯಾಗಿ ಗುರುಮಠಕಲ್ಲಿಗೆ ಬಂದ ಹೊಸದರಲ್ಲಿ, 1972ರಲ್ಲಿ ಮೊದಲ ಸಲ ಮತ ಹಾಕಿದವರು ಅವರು. ಅಂದಿನಿಂದ ಜ್ವರವಿರಲಿ, ತೊಗರಿ ರಾಶಿಯ ಕೆಲಸವಿರಲಿ, ಒಂದು ಚುನಾವಣೆಯನ್ನೂ ತಪ್ಪಿಸಿದವರಲ್ಲ. ಮನೆಯಲ್ಲಿ ದಖನಿ ಮಾತಾಡಿದರೂ ಸರಕಾರದ ವಿಷಯ ಬಂದರೆ ಖಾಲಾ ಕನ್ನಡಕ್ಕೆ ಬರುತ್ತಾರೆ. ಅಂದರೆ ಅವರು ಕೇಳಿದ್ದು ತಮಾಷೆಗಲ್ಲ.

"ಖಾಲಾ, ರಾಷ್ಟ್ರಪತಿಗೆ ನಾವು ಓಟ್ ಹಾಕಲ್ಲ. ನಮ್ಮ ಪರವಾಗಿ ನಮ್ಮ ಎಂಎಲ್‌ಎ ಹಾಕ್ತಾರ, ಎಂಪಿ ಹಾಕ್ತಾರ" ಎಂದೆವು.

ಖಾಲಾ ಸ್ವಲ್ಪ ಹೊತ್ತು ಸುಮ್ಮನಿದ್ದು, "ನನ್ನ ಕೇಳಿ ಓಟು ಹಾಕ್ತಾರೇನು?" ಎಂದರು. ನಮ್ಮಲ್ಲಿ ಉತ್ತರವಿರಲಿಲ್ಲ. ಚೀಟಿ ಮತ್ತೆ ಟ್ರಂಕಿಗೆ ಹೋಯಿತು. ಪ್ರಶ್ನೆ ಮಾತ್ರ ಇಂದಿನವರೆಗೂ ನಮ್ಮ ಜೊತೆಗೇ ಉಳಿದಿದೆ.

ಶಾಲೆಯಲ್ಲಿ ನಾವೆಲ್ಲ ಓದಿದ್ದೇವೆ: ರಾಷ್ಟ್ರಪತಿಯ ಆಯ್ಕೆ ಪರೋಕ್ಷ ಚುನಾವಣೆಯಿಂದ. ಪರೀಕ್ಷೆಯಲ್ಲಿ ಬರೆದು ಅಂಕವನ್ನೂ ಪಡೆದಿದ್ದೇವೆ. ಆದರೆ ಆ 'ಪರೋಕ್ಷ' ಎಂಬ ಮಾತಿನೊಳಗೆ ನಮ್ಮ ಪಾಲು ಎಷ್ಟು ಎಂದು ಲೆಕ್ಕ ಹಾಕಿದವರು ಕಡಿಮೆ. ಖಾಲಾ ಪ್ರಶ್ನೆಯ ನೆಪದಲ್ಲಿ ಆ ಲೆಕ್ಕಕ್ಕೆ ನಾವು ಕುಳಿತೆವು.

ಸಂವಿಧಾನದ 54ನೇ ವಿಧಿಯ ಪ್ರಕಾರ ರಾಷ್ಟ್ರಪತಿಯನ್ನು ಆರಿಸುವವರು ಸಂಸತ್ತಿನ ಎರಡೂ ಸದನಗಳ ಚುನಾಯಿತ ಸದಸ್ಯರು ಮತ್ತು ವಿಧಾನಸಭೆಗಳ ಚುನಾಯಿತ ಸದಸ್ಯರು. ನಾಮನಿರ್ದೇಶಿತರಿಗೆ ಮತವಿಲ್ಲ, ನಮ್ಮ ವಿಧಾನ ಪರಿಷತ್ತಿನ ಸದಸ್ಯರಿಗೂ ಇಲ್ಲ. ಈ ಮತಗಳೆಲ್ಲ ಒಂದೇ ತೂಕದವಲ್ಲ. ರಾಜ್ಯದ ಜನಸಂಖ್ಯೆಯನ್ನು ಶಾಸಕರ ಸಂಖ್ಯೆಯಿಂದ ಭಾಗಿಸಿ, ಬಂದದ್ದನ್ನು ಮತ್ತೆ ಸಾವಿರದಿಂದ ಭಾಗಿಸಿದರೆ ಒಬ್ಬ ಶಾಸಕರ ಮತದ ಮೌಲ್ಯ ಸಿಗುತ್ತದೆ. ಕರ್ನಾಟಕದ 1971ರ ಜನಸಂಖ್ಯೆ 2,92,99,014. ಶಾಸಕರು 224. ಭಾಗಿಸಿ ನೋಡಿದರೆ 131. ಗುರುಮಠಕಲ್ಲಿನ ಶಾಸಕರು ಬೆಂಗಳೂರಿನಲ್ಲಿ ಗುಲಾಬಿ ಬಣ್ಣದ ಮತಪತ್ರದ ಮೇಲೆ ಒಂದು ಗುರುತು ಹಾಕಿದರೆ ಅದು 131 ಮತ. ಇಡೀ ರಾಜ್ಯದ ಶಾಸಕರದ್ದು ಸೇರಿ 29,344.

ಎಲ್ಲ ರಾಜ್ಯಗಳ ಶಾಸಕರ ಮತಮೌಲ್ಯ ಎಷ್ಟೋ, ಸಂಸದರೆಲ್ಲರದ್ದು ಸೇರಿ ಹೆಚ್ಚುಕಡಿಮೆ ಅಷ್ಟೇ ಆಗಬೇಕು ಎಂಬುದು 55ನೇ ವಿಧಿಯ ನಿಯಮ. 2022ರಲ್ಲಿ ಶಾಸಕರ ಒಟ್ಟು ಮೌಲ್ಯ 5,43,231 ಇತ್ತು. ಅದನ್ನು 776 ಸಂಸದರಿಗೆ ಹಂಚಿದಾಗ ಒಬ್ಬೊಬ್ಬರಿಗೆ 700 ಬಂತು. ಸಂಸದರ ಮತಪತ್ರ ಹಸಿರು ಬಣ್ಣದ್ದು. ಯಾದಗಿರಿ, ಶಹಾಪುರ, ಸುರಪುರದ ಜನ ರಾಯಚೂರು ಲೋಕಸಭಾ ಕ್ಷೇತ್ರಕ್ಕೆ ಸೇರಿದ್ದಾರೆ. ಒಂದೇ ಜಿಲ್ಲೆಯವರಾದರೂ ನಾವು ಗುರುಮಠಕಲ್ಲಿನವರು ಕಲಬುರಗಿ ಕ್ಷೇತ್ರಕ್ಕೆ ಸೇರಿದ್ದೇವೆ. ಹೀಗಾಗಿ ಖಾಲಾ ಹೆಸರಿನಲ್ಲಿ ಎರಡು ಕೈಗಳು ಮತ ಹಾಕುತ್ತವೆ: ಒಂದು 131ರ ಕೈ, ಇನ್ನೊಂದು 700ರ ಕೈ. ದೇಶದ ಒಟ್ಟು 10,86,431ರಲ್ಲಿ ಇವು ಸಣ್ಣ ಅಂಕಿಗಳೇ ಸರಿ. ಆದರೆ ಸೊನ್ನೆಯಲ್ಲ.

ಲೆಕ್ಕ ಹಾಕುವಾಗ ನಮಗೆ ಇನ್ನೊಂದು ಸಂಗತಿ ಕಂಡಿತು. ನಮ್ಮ ಗಡಿಯಾಚೆ ತೆಲಂಗಾಣದ ನಾರಾಯಣಪೇಟೆ ಇದೆ. ಸಂತೆ, ಮದುವೆ, ಆಸ್ಪತ್ರೆ ಎಂದು ನಾವು ದಿನನಿತ್ಯ ಹೋಗಿಬರುವ ಊರು. ಅಲ್ಲಿಯ ಶಾಸಕರ ಮತದ ಮೌಲ್ಯ 132, ನಮ್ಮವರದ್ದು 131. ಒಂದರ ವ್ಯತ್ಯಾಸಕ್ಕೆ ಯಾರೂ ತಲೆಕೆಡಿಸಿಕೊಳ್ಳಬೇಕಿಲ್ಲ. ಉತ್ತರಪ್ರದೇಶದ ಶಾಸಕರದ್ದು 208, ಸಿಕ್ಕಿಂ ಶಾಸಕರದ್ದು ಬರೀ 7. ಜನ ಹೆಚ್ಚಿದ್ದಲ್ಲಿ ತೂಕ ಹೆಚ್ಚು, ಅದು ನ್ಯಾಯವೇ. ಆದರೆ ಈ ಎಲ್ಲ ಅಂಕಿಗಳು 1971ರ ಜನಗಣತಿಯವು. ಕುಟುಂಬ ಯೋಜನೆಯನ್ನು ಚೆನ್ನಾಗಿ ಪಾಲಿಸಿದ ರಾಜ್ಯಗಳಿಗೆ ಅನ್ಯಾಯವಾಗಬಾರದೆಂದು ಈ ಅಂಕಿಗಳನ್ನು ಅಲ್ಲಿಗೇ ನಿಲ್ಲಿಸಲಾಯಿತು. 2001ರ 84ನೇ ತಿದ್ದುಪಡಿಯಂತೆ, 2026ರ ನಂತರದ ಮೊದಲ ಜನಗಣತಿಯ ಅಂಕಿಗಳು ಪ್ರಕಟವಾಗುವವರೆಗೆ ಅವೇ ನಡೆಯುತ್ತವೆ. ನಮ್ಮ ಕ್ಷೇತ್ರದಲ್ಲಿ ಇಂದು ಮತದಾರರೇ ಎರಡು ಲಕ್ಷ ದಾಟಿದ್ದಾರೆ. ಆದರೆ ರಾಷ್ಟ್ರಪತಿ ಚುನಾವಣೆಯ ತಕ್ಕಡಿಯಲ್ಲಿ ನಾವು ಇಂದಿಗೂ ಒಂದು ಲಕ್ಷ ಮೂವತ್ತೊಂದು ಸಾವಿರ ಜನ. ಆಮೇಲೆ ಹುಟ್ಟಿದ ನಮ್ಮ ಮಕ್ಕಳು ಮೊಮ್ಮಕ್ಕಳು ಆ ತಕ್ಕಡಿಗೆ ಇನ್ನೂ ಬಂದಿಲ್ಲ.

ಮತ ಹಾಕುವ ರೀತಿಯೂ ಬೇರೆ. ಇಲ್ಲಿ ಗುಂಡಿ ಒತ್ತುವುದಿಲ್ಲ. ಅಭ್ಯರ್ಥಿಗಳ ಹೆಸರಿನ ಮುಂದೆ 1, 2, 3 ಎಂದು ಮೆಚ್ಚುಗೆಯ ಕ್ರಮದಲ್ಲಿ ಅಂಕಿ ಬರೆಯಬೇಕು. ಗೆಲ್ಲಲು ಸಿಂಧುವಾದ ಮತಗಳ ಅರ್ಧಕ್ಕಿಂತ ಹೆಚ್ಚು ಬೇಕು. ಮೊದಲ ಸುತ್ತಿನಲ್ಲಿ ಯಾರಿಗೂ ಅಷ್ಟು ಬಾರದಿದ್ದರೆ ಕೊನೆಯಲ್ಲಿರುವವರನ್ನು ಕೈಬಿಟ್ಟು, ಅವರ ಮತಪತ್ರಗಳಲ್ಲಿ ಎರಡನೆಯ ಅಂಕಿ ಯಾರಿಗಿದೆಯೋ ಅವರಿಗೆ ಆ ಮತಗಳನ್ನು ಸೇರಿಸಲಾಗುತ್ತದೆ.

ಇದು ಬರೀ ಪುಸ್ತಕದ ನಿಯಮವಲ್ಲ, ಒಮ್ಮೆ ದೇಶದ ದಾರಿಯನ್ನೇ ತಿರುಗಿಸಿದೆ. ಹೈದರಾಬಾದಿನಲ್ಲಿ ಹುಟ್ಟಿದ, ದೇಶದ ಮೊದಲ ಮುಸ್ಲಿಂ ರಾಷ್ಟ್ರಪತಿ ಡಾ. ಝಾಕಿರ್ ಹುಸೇನ್ ಅವರು 1969ರ ಮೇ 3ರಂದು ಅಧಿಕಾರದಲ್ಲಿರುವಾಗಲೇ ತೀರಿಕೊಂಡರು. ಆಗ ಕಾಂಗ್ರೆಸ್ ಅಧ್ಯಕ್ಷರಾಗಿದ್ದವರು ನಮ್ಮ ಎಸ್. ನಿಜಲಿಂಗಪ್ಪ. ಆ ವರ್ಷದ ಜುಲೈನಲ್ಲಿ ಬೆಂಗಳೂರಿನಲ್ಲಿ ನಡೆದ ಸಭೆಯಲ್ಲಿ ನೀಲಂ ಸಂಜೀವ ರೆಡ್ಡಿ ಅವರನ್ನು ಪಕ್ಷದ ಅಭ್ಯರ್ಥಿಯೆಂದು ತೀರ್ಮಾನಿಸಲಾಯಿತು. ಪ್ರಧಾನಿ ಇಂದಿರಾ ಗಾಂಧಿಯವರಿಗೆ ಅದು ಒಪ್ಪಿಗೆಯಾಗಲಿಲ್ಲ. ಆತ್ಮಸಾಕ್ಷಿಯಂತೆ ಮತ ಹಾಕಿರಿ ಎಂದು ಅವರು ಕರೆ ಕೊಟ್ಟರು. ಮೊದಲ ಸುತ್ತಿನಲ್ಲಿ ವಿ.ವಿ. ಗಿರಿ ಅವರಿಗೆ 4,01,515, ರೆಡ್ಡಿಯವರಿಗೆ 3,13,548 ಬಂದವು. ಯಾರಿಗೂ ಅರ್ಧ ದಾಟಲಿಲ್ಲ. ಎರಡನೆಯ ಪ್ರಾಶಸ್ತ್ಯದ ಮತಗಳನ್ನು ಎಣಿಸಿದ ಮೇಲೆ ಗಿರಿ 4,20,077, ರೆಡ್ಡಿ 4,05,427. ಗಿರಿ ಗೆದ್ದರು. ಕೆಲವೇ ತಿಂಗಳಲ್ಲಿ ಕಾಂಗ್ರೆಸ್ ಎರಡು ಹೋಳಾಯಿತು.

ಈ ಘಟನೆ ನಮ್ಮನ್ನು ಮತ್ತೆ ಖಾಲಾ ಪ್ರಶ್ನೆಗೇ ತಂದು ನಿಲ್ಲಿಸುತ್ತದೆ. ಶಾಸಕರ ಕೈಯಲ್ಲಿರುವ ಆ 131 ಮತ ಯಾರದ್ದು? ಪಕ್ಷದ್ದೇ, ಅವರ ಆತ್ಮಸಾಕ್ಷಿಯದ್ದೇ ಅಥವಾ ಅವರನ್ನು ಕಳಿಸಿದ ಜನರದ್ದೇ? ಕಾನೂನು ಪಕ್ಷದ್ದಲ್ಲ ಎನ್ನುತ್ತದೆ. ಈ ಚುನಾವಣೆಯಲ್ಲಿ ಪಕ್ಷಗಳು ವಿಪ್ ಹೊರಡಿಸುವಂತಿಲ್ಲ. ಮತದಾನ ಗುಪ್ತ. ಪಕ್ಷದ ಮಾತು ಮೀರಿದ್ದಕ್ಕೆ ಸ್ಥಾನ ಹೋಗುವುದಿಲ್ಲ. ಹಾಗೆಂದು ಜನರನ್ನು ಕೇಳಬೇಕೆಂದೂ ಯಾವ ಕಾನೂನೂ ಹೇಳುವುದಿಲ್ಲ.

ಅಮೆರಿಕದಲ್ಲೂ ಅಧ್ಯಕ್ಷರ ಆಯ್ಕೆ ಪರೋಕ್ಷವೇ. ಅಲ್ಲಿ 538 ಮತದಾರ ಪ್ರತಿನಿಧಿಗಳು, ಗೆಲ್ಲಲು 270 ಬೇಕು. ಆದರೆ ಅಲ್ಲಿ ಜನ ನೇರವಾಗಿ ಮತಗಟ್ಟೆಗೆ ಹೋಗಿ ಇಂಥವರೇ ಅಧ್ಯಕ್ಷರಾಗಲಿ ಎಂದು ಹೇಳುತ್ತಾರೆ. ಪ್ರತಿನಿಧಿಗಳು ಅದರಂತೆ ಮತ ಹಾಕಬೇಕೆಂದು ರಾಜ್ಯಗಳು ಕಟ್ಟುಪಾಡು ಮಾಡಬಹುದೆಂದು ಅಲ್ಲಿಯ ಸುಪ್ರೀಂ ಕೋರ್ಟ್ 2020ರಲ್ಲಿ ತೀರ್ಪಿತ್ತಿತು. ಹಾಗಿದ್ದರೂ ಅಲ್ಲಿ ವಿಚಿತ್ರಗಳು ನಡೆಯುತ್ತವೆ. 2000ದಲ್ಲಿ ಅಲ್ ಗೋರ್, 2016ರಲ್ಲಿ ಹಿಲರಿ ಕ್ಲಿಂಟನ್ ಜನರ ಮತಗಳಲ್ಲಿ ಮುಂದಿದ್ದರೂ ಸೋತರು. ನೆರೆಯ ಪಾಕಿಸ್ತಾನದಲ್ಲಿ 1965ರಲ್ಲಿ ಅಯೂಬ್ ಖಾನರು ಫಾತಿಮಾ ಜಿನ್ನಾ ಅವರನ್ನು ಸೋಲಿಸಿದ ಚುನಾವಣೆಯಲ್ಲಿ ಮತ ಹಾಕಿದ್ದು ಸುಮಾರು 80,000 'ಬೇಸಿಕ್ ಡೆಮಾಕ್ರಟ್'ಗಳು, ಕೋಟಿಗಟ್ಟಲೆ ಜನರಲ್ಲ. ಮತದಾರರು ಕಡಿಮೆಯಾದಷ್ಟೂ ಒತ್ತಡ ಹೇರುವುದು, ಆಸೆ ತೋರಿಸುವುದು ಸುಲಭ ಎಂಬುದು ಎಲ್ಲ ಪರೋಕ್ಷ ಚುನಾವಣೆಗಳ ಮೇಲಿರುವ ಹಳೆಯ ದೂರು.

ಹಾಗಾದರೆ ನಮ್ಮ ಹಿರಿಯರು ಈ ದಾರಿಯನ್ನೇಕೆ ಹಿಡಿದರು? ಸಂವಿಧಾನ ಸಭೆಯಲ್ಲಿ ಕೆ.ಟಿ. ಶಾ ಅವರಂಥವರು ಜನರೇ ನೇರವಾಗಿ ರಾಷ್ಟ್ರಪತಿಯನ್ನು ಆರಿಸಲಿ ಎಂದು ವಾದಿಸಿದ್ದರು. ನೆಹರೂ ಮತ್ತು ಡಾ. ಅಂಬೇಡ್ಕರ್ ಅವರ ನಿಲುವು ಬೇರೆಯಾಗಿತ್ತು. ನಮ್ಮಲ್ಲಿ ನಿಜವಾದ ಅಧಿಕಾರ ಮಂತ್ರಿಮಂಡಲದ್ದು, ರಾಷ್ಟ್ರಪತಿ ರಾಷ್ಟ್ರದ ಮುಖ್ಯಸ್ಥರು, ಸರಕಾರ ನಡೆಸುವವರಲ್ಲ. ಕೋಟಿಗಟ್ಟಲೆ ಜನ ನೇರವಾಗಿ ಆರಿಸಿದ ವ್ಯಕ್ತಿಗೆ ಅಧಿಕಾರವಿಲ್ಲದ ಕುರ್ಚಿ ಕೊಟ್ಟರೆ ಆತ ಪ್ರಧಾನಿಯೊಡನೆ ಪೈಪೋಟಿಗೆ ಇಳಿಯಬಹುದು ಎಂಬ ಅಂಜಿಕೆ ಅವರದ್ದು. ಈ ವಾದ ನಮಗೂ ಒಪ್ಪಿಗೆಯೇ. ಒಬ್ಬ ವ್ಯಕ್ತಿಯ ಕೈಯಲ್ಲಿ ಎಲ್ಲವೂ ಸೇರಿದರೆ ಅದರ ಪೆಟ್ಟು ಮೊದಲು ಬೀಳುವುದು ದುರ್ಬಲರ ಮೇಲೆ, ಅಲ್ಪಸಂಖ್ಯಾತರ ಮೇಲೆ. ಆದ್ದರಿಂದ ಪರೋಕ್ಷ ಚುನಾವಣೆಯನ್ನು ಕಿತ್ತುಹಾಕಬೇಕೆಂದು ನಾವು ಹೇಳುತ್ತಿಲ್ಲ. ನಮ್ಮ ತಕರಾರು ಬೇರೆ: ನಮ್ಮ ಪರವಾಗಿ ಮತ ಹಾಕುವವರು ನಮ್ಮನ್ನು ಕೇಳುವುದಿಲ್ಲ, ನಾವೂ ಅವರನ್ನು ಕೇಳುವುದಿಲ್ಲ.

2022ರಲ್ಲಿ ಖಾಲಾ ಮತ್ತೊಮ್ಮೆ ಚೀಟಿ ತೆಗೆದರು. ಆ ವರ್ಷ ಎರಡು ಪರೋಕ್ಷ ಚುನಾವಣೆಗಳು ಬಂದವು. ಜುಲೈ 18ರಂದು ನಡೆದ ರಾಷ್ಟ್ರಪತಿ ಚುನಾವಣೆಯಲ್ಲಿ ದ್ರೌಪದಿ ಮುರ್ಮು 6,76,803 ಮೌಲ್ಯದ ಮತ ಪಡೆದು ಯಶವಂತ ಸಿನ್ಹಾ (3,80,177) ಅವರನ್ನು ಸೋಲಿಸಿದರು. ಆಗ ಖಾಲಾ ಸುಮ್ಮನಿದ್ದರು. ಚೀಟಿ ಹೊರಬಂದದ್ದು ಅಕ್ಟೋಬರಿನಲ್ಲಿ, ಮಲ್ಲಿಕಾರ್ಜುನ ಖರ್ಗೆಯವರು ಕಾಂಗ್ರೆಸ್ ಅಧ್ಯಕ್ಷ ಸ್ಥಾನಕ್ಕೆ ನಿಂತಾಗ.

ಓದುಗರಿಗೆ ಗೊತ್ತಿರಬಹುದು, ಖರ್ಗೆಯವರು 1972ರಿಂದ 2004ರವರೆಗೆ ಸತತ ಎಂಟು ಸಲ ಗೆದ್ದದ್ದು ಗುರುಮಠಕಲ್ಲಿನಿಂದ. ಕಲಾಂ ಅವರ ಚುನಾವಣೆಯ ಹೊತ್ತಿಗೆ ಅವರೇ ನಮ್ಮ ಶಾಸಕರು, ರಾಜ್ಯದ ಗೃಹಮಂತ್ರಿಗಳೂ ಆಗಿದ್ದರು. 2008ರಲ್ಲಿ ಕ್ಷೇತ್ರ ಪುನರ್ವಿಂಗಡಣೆಯಾಗಿ ಗುರುಮಠಕಲ್ ಸಾಮಾನ್ಯ ಕ್ಷೇತ್ರವಾದ ಮೇಲೆ ಅವರು ಚಿತ್ತಾಪುರಕ್ಕೆ ಹೋದರು. ಖಾಲಾ ಮೊದಲ ಮತ ಹಾಕಿದ ಚುನಾವಣೆಯೇ ಅವರು ಮೊದಲು ಗೆದ್ದ ಚುನಾವಣೆ.

"ಈಗಾದ್ರೂ ನಮಗ ಓಟ್ ಅದಲ್ಲ? ಅಂವ ನಮ್ಮ ಊರಾಗೇ ಆರಿಸಿ ಬಂದಾಂವ" ಎಂದರು ಖಾಲಾ.

"ಇಲ್ಲ ಖಾಲಾ. ಇದು ಪಕ್ಷದ ಚುನಾವಣೆ. ಬ್ಲಾಕಿನಿಂದ ಆಯ್ಕೆಯಾದ ಪ್ರತಿನಿಧಿಗಳು ಮಾತ್ರ ಓಟ್ ಹಾಕ್ತಾರ."

"ಅವರು ಯಾರು?"

ನಮ್ಮ ಬ್ಲಾಕಿನ ಪ್ರತಿನಿಧಿ ಯಾರೆಂದು ನಮಗೂ ಗೊತ್ತಿರಲಿಲ್ಲ. ಅಕ್ಟೋಬರ್ 17ರಂದು ಮತದಾನವಾಯಿತು, 19ರಂದು ಎಣಿಕೆ. ಖರ್ಗೆಯವರಿಗೆ 7,897, ಶಶಿ ತರೂರರಿಗೆ 1,072 ಮತ. ನಿಜಲಿಂಗಪ್ಪನವರ ನಂತರ ಆ ಸ್ಥಾನಕ್ಕೇರಿದ ಎರಡನೆಯ ಕನ್ನಡಿಗ ನಮ್ಮ ಹಳೆಯ ಶಾಸಕರೆಂದು ಊರಲ್ಲಿ ನಾವೂ ಸಂತೋಷಪಟ್ಟೆವು. ಆದರೆ ಪತ್ರಿಕೆ ಓದುವಾಗ ಒಂದು ಅಂಕಿ ನಮ್ಮನ್ನು ತಡೆಯಿತು: ಅಸಿಂಧುವಾದ ಮತಗಳು 416. ಹೆಸರಿನ ಮುಂದೆ ಒಂದು ಸರಿ ಗುರುತು ಹಾಕಿದರೆ ಸಾಕಿತ್ತು. ಅದೇ ವರ್ಷದ ರಾಷ್ಟ್ರಪತಿ ಚುನಾವಣೆಯಲ್ಲೂ ಶಾಸಕರು ಸಂಸದರು ಹಾಕಿದ 4,754 ಮತಗಳಲ್ಲಿ 53 ಅಸಿಂಧುವಾಗಿದ್ದವು. ಸಹಿ ಮಾಡುವಷ್ಟೇ ಅಕ್ಷರ ಬಲ್ಲ ನಮ್ಮ ಖಾಲಾ, ಕಾಗದದ ಮತಪತ್ರದ ಕಾಲದಲ್ಲೂ ಮುದ್ರೆಯ ಶಾಯಿ ಹರಡದಂತೆ ಮಡಚಿ ಪೆಟ್ಟಿಗೆಗೆ ಹಾಕುತ್ತಿದ್ದರು. ಇನ್ನೊಬ್ಬರ ಪರವಾಗಿ ಹಾಕುವ ಮತವನ್ನು ಕೆಡಿಸುವವನು ತನ್ನ ಒಂದು ಮತವನ್ನು ಮಾತ್ರ ಕೆಡಿಸುವುದಿಲ್ಲ. ಒಬ್ಬ ಶಾಸಕರ ಮತ ಕೆಟ್ಟರೆ ಇಡೀ ಕ್ಷೇತ್ರದ ಬಾಯಿ ಕಟ್ಟಿದಂತೆ.

ಇಷ್ಟು ದೂರದ ಮಾತೇಕೆ, ನಮ್ಮ ಪುರಸಭೆಯ ಅಧ್ಯಕ್ಷರ ಆಯ್ಕೆಯೂ ಪರೋಕ್ಷವೇ. ವಾರ್ಡಿನ ಸದಸ್ಯರನ್ನು ನಾವು ಆರಿಸುತ್ತೇವೆ, ಅಧ್ಯಕ್ಷರನ್ನು ಅವರು ಆರಿಸುತ್ತಾರೆ. ಶಾಸಕರು ಮತ್ತು ಸಂಸದರಿಗೂ ಅಲ್ಲಿ ಮತವಿದೆ. ಅಲ್ಲಿ ಗುಪ್ತವೇನಿಲ್ಲ, ಕೈ ಎತ್ತಬೇಕು. ಯಾರು ಯಾರ ಪರ ಎಂದು ಸಂಜೆಯೊಳಗೆ ಊರಿಗೆಲ್ಲ ಗೊತ್ತಾಗುತ್ತದೆ. ಹಾಗಿದ್ದೂ ಎಷ್ಟೋ ಊರುಗಳಲ್ಲಿ ಚುನಾವಣೆಗೆ ಮುಂಚೆ ಸದಸ್ಯರನ್ನು ವಾಹನ ಹತ್ತಿಸಿ ಪ್ರವಾಸಕ್ಕೆ ಒಯ್ಯುವ ಸುದ್ದಿಗಳನ್ನು ಓದುತ್ತಲೇ ಇರುತ್ತೇವೆ. ಕೈ ಎತ್ತುವ ಗಳಿಗೆಗೆ ತಂದು ಇಳಿಸುತ್ತಾರೆ. ಮತ ಗುಪ್ತವಾಗಿದ್ದರೆ ಜನರಿಗೆ ಲೆಕ್ಕ ಸಿಗುವುದಿಲ್ಲ, ಬಹಿರಂಗವಾಗಿದ್ದರೆ ಸದಸ್ಯರಿಗೆ ಬಿಡುಗಡೆಯಿಲ್ಲ. ಎರಡರಲ್ಲೂ ಉಳಿಯುವುದು ಒಂದೇ: ಮತ ಹಾಕುವವರ ಪ್ರಾಮಾಣಿಕತೆ.

ಇಲ್ಲಿ ನಮ್ಮ ಸಮುದಾಯಕ್ಕೆ ಒಂದು ಮಾತು ಹೇಳಲೇಬೇಕು. ಝಾಕಿರ್ ಹುಸೇನ್ (1967), ಫಕ್ರುದ್ದೀನ್ ಅಲಿ ಅಹ್ಮದ್ (1974), ಅಬ್ದುಲ್ ಕಲಾಂ (2002) - ಮೂವರು ಮುಸ್ಲಿಮರು ಈ ಪರೋಕ್ಷ ದಾರಿಯಿಂದಲೇ ರಾಷ್ಟ್ರಪತಿಗಳಾದರು. ಮೂವರ ಹೆಸರನ್ನೂ ನಾವು ಅಭಿಮಾನದಿಂದ ಹೇಳುತ್ತೇವೆ. ಆದರೆ 1975ರ ಜೂನ್ 25ರ ರಾತ್ರಿ ತುರ್ತುಪರಿಸ್ಥಿತಿಯ ಘೋಷಣೆಗೆ ಸಹಿ ಹಾಕಿದವರು ಫಕ್ರುದ್ದೀನ್ ಅಲಿ ಅಹ್ಮದರೇ. ಕಲಾಂ ಅವರು 10,30,250ರಲ್ಲಿ 9,22,884 ಮೌಲ್ಯದ ಮತ ಪಡೆದು ಗೆದ್ದದ್ದು ಗುಜರಾತ್ ಹಿಂಸೆ ನಡೆದ ಕೆಲವೇ ತಿಂಗಳ ನಂತರ. ಆ ಗೆಲುವು ನಮಗೆ ಸಮಾಧಾನ ತಂದದ್ದು ನಿಜ, ನೊಂದವರಿಗೆ ನ್ಯಾಯ ತರುವುದು ಮಾತ್ರ ಆ ಕುರ್ಚಿಯ ಕೈಯಲ್ಲಿರಲಿಲ್ಲ. ಮೇಲಿನ ಕುರ್ಚಿಯ ಹೆಸರು ನೋಡಿ ಹಿಗ್ಗುವ ನಾವು ಕೆಳಗಿನ ಮೆಟ್ಟಿಲನ್ನು ಮರೆಯುತ್ತೇವೆ. 2011ರ ಜನಗಣತಿಯಂತೆ ಕರ್ನಾಟಕದ ಜನರಲ್ಲಿ ಸುಮಾರು ಶೇ. 13ರಷ್ಟು ಮುಸ್ಲಿಮರು. 2023ರ ವಿಧಾನಸಭೆಗೆ ಆರಿಸಿಬಂದವರು 224ರಲ್ಲಿ 9 ಮಂದಿ. ಪರೋಕ್ಷ ಚುನಾವಣೆಯೆಂದರೆ ಏಣಿ. ಕೆಳಗಿನ ಮೆಟ್ಟಿಲಿನಲ್ಲಿ ಕಾಲಿಡದವರು ಮೇಲಿನ ಮೆಟ್ಟಿಲಿನ ಬಗ್ಗೆ ದೂರಿ ಫಲವಿಲ್ಲ. ಮುಂಬಯಿ, ಪುಣೆ, ಬೆಂಗಳೂರು ಎಂದು ದುಡಿಯಲು ಹೋದ ನಮ್ಮ ಹುಡುಗರಲ್ಲಿ ಎಷ್ಟು ಜನರ ಹೆಸರು ಮತದಾರರ ಪಟ್ಟಿಯಲ್ಲಿ ಉಳಿದಿದೆ? ಇದ್ದವರಲ್ಲಿ ಎಷ್ಟು ಜನ ಮತದಾನದ ದಿನ ಊರಿಗೆ ಬರುತ್ತಾರೆ? ಈ ಪ್ರಶ್ನೆಯನ್ನು ಬೇರೆಯವರಿಗಲ್ಲ, ನಮ್ಮ ಮನೆಯಲ್ಲೇ ಮೊದಲು ಕೇಳಬೇಕು.

ಖಾಲಾ ಪ್ರಶ್ನೆ ನಮ್ಮ ಚರಿತ್ರೆಗೆ ಹೊಸದೇನಲ್ಲ. ಹಝ್ರತ್ ಉಮರ್(ರ) ಇರಿತಕ್ಕೆ ಒಳಗಾಗಿ ಸಾವಿನ ಹಾಸಿಗೆಯಲ್ಲಿದ್ದಾಗ ತಮ್ಮ ಉತ್ತರಾಧಿಕಾರಿಯನ್ನು ತಾವೇ ಹೆಸರಿಸಲಿಲ್ಲ. ಆರು ಮಂದಿ ಹಿರಿಯ ಸಹಾಬಿಗಳ ಸಮಿತಿಗೆ ಆ ಹೊಣೆ ಒಪ್ಪಿಸಿದರು. ಇಂದಿನ ಭಾಷೆಯಲ್ಲಿ ಅದೂ ಪರೋಕ್ಷ ಆಯ್ಕೆಯೇ. ಆ ಆರು ಮಂದಿಯಲ್ಲಿ ಒಬ್ಬರಾದ ಅಬ್ದುರ್ರಹ್ಮಾನ್ ಬಿನ್ ಔಫ್(ರ) ತಾವು ಸ್ಪರ್ಧೆಯಿಂದ ಹಿಂದೆ ಸರಿದು ಆಯ್ಕೆಯ ಹೊಣೆ ಹೊತ್ತರು. ಇತಿಹಾಸಕಾರರು ಹೇಳುವಂತೆ, ಅವರು ಮೂರು ದಿನ ಮದೀನಾದಲ್ಲಿ ತಿರುಗಿದರು. ನಾಯಕರನ್ನಷ್ಟೇ ಅಲ್ಲ, ಸಾಮಾನ್ಯರನ್ನೂ ಮನೆಯೊಳಗಿದ್ದ ಹೆಣ್ಣುಮಕ್ಕಳನ್ನೂ ಊರಿಗೆ ಬಂದ ಪ್ರಯಾಣಿಕರನ್ನೂ ಕೇಳಿದರು. ಆಮೇಲೆಯೇ ಹಝ್ರತ್ ಉಸ್ಮಾನ್(ರ) ಅವರ ಹೆಸರು ಘೋಷಣೆಯಾಯಿತು. ಅವರಿಗೆ ಕೇಳಬೇಕೆಂಬ ಕಟ್ಟಳೆ ಇರಲಿಲ್ಲ. ಕೈಯಲ್ಲಿರುವುದು ತಮ್ಮ ಸೊತ್ತಲ್ಲ, ಜನರ ಅಮಾನತ್ ಎಂಬ ಅರಿವಿತ್ತು, ಅಷ್ಟೇ. ಅಮಾನತ್ ಇಟ್ಟುಕೊಂಡವನು ಅದರ ಒಡೆಯನನ್ನು ಕೇಳದೆ ಖರ್ಚು ಮಾಡಲಾರ. ಒಡೆಯನೂ ತಾನು ಇಟ್ಟದ್ದನ್ನು ಮರೆಯಬಾರದು.

ನಾವು ಮರೆತಿದ್ದೇವೆ. ರಸ್ತೆಗೆ, ಬೋರ್‌ವೆಲ್ಲಿಗೆ, ವಸತಿ ಮನೆಗೆ ಶಾಸಕರ ಬಾಗಿಲಿಗೆ ಹೋಗುತ್ತೇವೆ. ನಮ್ಮ 131 ಮತ ಯಾರಿಗೆ ಹಾಕುತ್ತೀರಿ, ಯಾಕೆ ಹಾಕುತ್ತೀರಿ ಎಂದು ಒಂದು ಸಲವಾದರೂ ಕೇಳಿದ್ದೇವೆಯೇ? ಮತ ಗುಪ್ತವೆಂದು ಅವರು ಉತ್ತರಿಸದಿರಬಹುದು, ಅದು ಅವರ ಹಕ್ಕು. ಕೇಳುವುದು ನಮ್ಮ ಹಕ್ಕು. ರಾಷ್ಟ್ರಪತಿಯಾದವರಲ್ಲಿ ಎಂಥ ಗುಣ ಇರಬೇಕೆಂದು ಗುರುಮಠಕಲ್ಲಿನ ಜನ ಬಯಸುತ್ತಾರೆ, ನಟ್ಟಿರುಳಿನಲ್ಲಿ ಸಹಿಗೆ ಬಂದ ಕಾಗದವನ್ನು ಓದಿ, ಬೇಕಾದರೆ ಮರಳಿ ಕಳಿಸುವ ಎದೆಗಾರಿಕೆ ಇದ್ದವರು ಬೇಕೋ ಬೇಡವೋ ಎಂಬುದನ್ನು ಮುಂಚಿತವಾಗಿ ತಿಳಿಸಲು ಯಾರ ಅಡ್ಡಿಯೂ ಇಲ್ಲ.

ಈಗಿನ ರಾಷ್ಟ್ರಪತಿಯ ಅವಧಿ 2027ರ ಜುಲೈಗೆ ಮುಗಿಯುತ್ತದೆ. ಅದಕ್ಕೆ ಮೊದಲು ನಮ್ಮ ಶಾಸಕರಿಗೂ ಸಂಸದರಿಗೂ ಒಂದೊಂದು ಪತ್ರ ಬರೆಯಬೇಕೆಂದು ನಾವು ಕೆಲವರು ತೀರ್ಮಾನಿಸಿದ್ದೇವೆ. ಪಕ್ಷ ಯಾವುದೇ ಇರಲಿ, ಪತ್ರ ಒಂದೇ. ಮಸೀದಿಯವರು, ಮಠದ ಓಣಿಯವರು, ಸಂತೆಗೆ ಬರುವ ಹಳ್ಳಿಗಳವರು, ಯಾರು ಸಹಿ ಮಾಡಿದರೂ ಸರಿ. ಓದುಗರೂ ತಮ್ಮ ತಮ್ಮ ಊರುಗಳಲ್ಲಿ ಹೀಗೊಂದು ಪತ್ರ ಬರೆಯಬಹುದು.

ಎಪ್ಪತ್ತೈದು ದಾಟಿದ ಖಾಲಾ ಮುಂದೆ ಈ ವಿಷಯ ಹೇಳಿದಾಗ ಅವರು ಎಲೆಯಡಿಕೆ ಮೆಲ್ಲುತ್ತ ಪೂರ್ತಿ ಕೇಳಿದರು. ಇಪ್ಪತ್ತು ವರ್ಷಗಳ ಮೇಲೆ ಅವರ ಪ್ರಶ್ನೆಗೆ ನಾವು ಕೊಟ್ಟ ಉತ್ತರ ಅದು.

"ಬರೀರಿ" ಎಂದರು. "ಸಹಿ ನಂದೇ ಮೊದಲಿರಲಿ. 1972ರಿಂದ ಹಾಕ್ಲಿಕತ್ತೀನಿ."